ಚಿತ್ರದ ಜೊತೆಗೆ ಸಂಕೇತವೂ ಉಳಿಯಬೇಕು: ಕಂಪ್ಯೂಟರ್ ಕುರಿತ ಹಳೆಯ ಟಿವಿ ಕಾರ್ಯಕ್ರಮಗಳ ಟೇಪುಗಳ ಬಗ್ಗೆ

1984ರ ಸುಮಾರಿನಲ್ಲಿ ಬ್ರಿಟನ್ನಿನ ಥೇಮ್ಸ್ ಟೆಲಿವಿಷನ್ ಸಂಸ್ಥೆ 'ಡೇಟಾಬೇಸ್' ಎಂಬ, ಕಂಪ್ಯೂಟರ್ ಕುರಿತ ಟಿವಿ ಕಾರ್ಯಕ್ರಮವನ್ನು ಪ್ರಸಾರ ಮಾಡುತ್ತಿತ್ತು. ದಂಪತಿಯೊಬ್ಬರು ಮನೆಯ ಟೆಲಿಫೋನ್ ತಂತಿಯನ್ನು ಮೋಡೆಮ್‌ಗೆ ಸಿಕ್ಕಿಸಿ ಇ-ಮೇಲ್ ಕಳುಹಿಸುವ ಬಗೆಯನ್ನು ತಾಳ್ಮೆಯಿಂದ ವಿವರಿಸುವ ಅದರ ತುಣುಕೊಂದು ಇಂದಿಗೂ ಅಂತರ್ಜಾಲದಲ್ಲಿ ಓಡಾಡುತ್ತಿದ್ದು, ನೋಡಿದವರೆಲ್ಲ ಒಮ್ಮೆ ಮುಗುಳ್ನಕ್ಕು ಮುಂದೆ ಹೋಗುತ್ತಾರೆ. ಆ ತುಣುಕಿಗಿಂತ ನನಗೆ ಹೆಚ್ಚು ಮುಖ್ಯವೆನಿಸುವುದು ಆ ಸರಣಿಯ ಕೊನೆಯಲ್ಲಿ, ತಂತ್ರಜ್ಞರ ಹೆಸರುಗಳು ಪರದೆಯ ಮೇಲೆ ಸರಿಯುವ ಹೊತ್ತಿನಲ್ಲಿ, ಕೇಳಿಬರುತ್ತಿದ್ದ ಕರ್ಕಶವಾದ ಕೀರಲು ಸದ್ದು. ಆ ಸದ್ದೇ ಒಂದು ಕಂಪ್ಯೂಟರ್ ಪ್ರೋಗ್ರಾಂ. ಟಿವಿಯ ಧ್ವನಿಯನ್ನು ಟೇಪ್ ರೆಕಾರ್ಡರಿನಲ್ಲಿ ಮುದ್ರಿಸಿಕೊಂಡು, ಬಳಿಕ ಆ ಕ್ಯಾಸೆಟ್ಟನ್ನು ತಮ್ಮ ಕಂಪ್ಯೂಟರಿಗೆ ಓದಿಸಿದವರ ಮನೆಗೆ ಪ್ರೋಗ್ರಾಂ ಬಂದು ಸೇರುತ್ತಿತ್ತು.

ಇಂತಹ ಕಾರ್ಯಕ್ರಮವನ್ನು ಈಗ ಯಾರಾದರೂ ಡಿಜಿಟಲ್ ರೂಪಕ್ಕೆ ತಂದರೆ ಅವರು ಮೊದಲು ಕತ್ತರಿಸುವುದು ಈ ಕೊನೆಯ ಭಾಗವನ್ನೇ. ಕತ್ತರಿಸದೆ ಬಿಟ್ಟರೂ, ಮನುಷ್ಯರ ಮಾತಿಗೆಂದು ರೂಪಿಸಿದ ಧ್ವನಿಸಂಕೋಚನ ವಿಧಾನಗಳು ಕಿವಿಗೆ ಬೇಡವೆನಿಸುವ ಅಂಶಗಳನ್ನು ತಾವೇ ನಿರ್ಧರಿಸಿ ತೆಗೆದುಹಾಕುತ್ತವೆ. ಸದ್ದು ನಮಗೆ ಮೊದಲಿನಂತೆಯೇ ಕೇಳಿಸುತ್ತದೆ, ಆದರೆ ಅದನ್ನು ಓದಬೇಕಾದ ಯಂತ್ರ ತಡವರಿಸಬಹುದು. ಹಳೆಯ ಕಂಪ್ಯೂಟರ್ ಕಾರ್ಯಕ್ರಮಗಳ ಸಂರಕ್ಷಣೆಯ ವಿಚಾರದಲ್ಲಿ ನಾನು ಬಹುಕಾಲದಿಂದ ವಾದಿಸುತ್ತ ಬಂದಿರುವುದು ಇಷ್ಟನ್ನೇ: ಈ ಕಾರ್ಯಕ್ರಮಗಳಲ್ಲಿ ಕಣ್ಣಿಗೆ ಕಾಣುವ ಚಿತ್ರ ಒಂದು ಭಾಗ ಮಾತ್ರ, ಮತ್ತೊಂದು ಭಾಗ ಅದೇ ಪ್ರಸಾರದ ಸಂಕೇತದಲ್ಲಿ ಅಡಗಿ ಪ್ರಯಾಣ ಮಾಡಿದೆ. ಚಿತ್ರವನ್ನಷ್ಟೇ ಉಳಿಸಿದವರು ಅರ್ಧವನ್ನು ಮಾತ್ರ ಉಳಿಸಿದ್ದಾರೆ.

ಈ ಮಾತಿಗೆ ಬಿಬಿಸಿಗಿಂತ ಒಳ್ಳೆಯ ಉದಾಹರಣೆ ಸಿಗುವುದಿಲ್ಲ. ಮೈಕ್ರೋಪ್ರೊಸೆಸರ್ ಬಂದುದರಿಂದ ಬ್ರಿಟನ್ನಿನ ಉದ್ಯೋಗಗಳ ಗತಿ ಏನಾಗಬಹುದು ಎಂದು ಕೇಳುವ ಸಾಕ್ಷ್ಯಚಿತ್ರವೊಂದು 'ಹೊರೈಜನ್' ಸರಣಿಯಲ್ಲಿ 1978ರಲ್ಲಿ ಪ್ರಸಾರವಾಯಿತು. ಅದು ಹುಟ್ಟಿಸಿದ ಆತಂಕದ ಚರ್ಚೆ ಸರ್ಕಾರದವರೆಗೂ ಹೋಯಿತು. ಬಿಬಿಸಿಯ ಶಿಕ್ಷಣ ವಿಭಾಗ ಆ ಚರ್ಚೆಯನ್ನು ಕೈಬಿಡದೆ ಕಂಪ್ಯೂಟರ್ ಸಾಕ್ಷರತೆಯ ಯೋಜನೆಯೊಂದನ್ನು ರೂಪಿಸಿತು. ಟಿವಿಯಲ್ಲಿ ಪಾಠ ಹೇಳಬೇಕಾದರೆ ನೋಡುವವರ ಮನೆಯಲ್ಲೂ ಅದೇ ಯಂತ್ರವಿರಬೇಕು ಎಂಬ ತರ್ಕದಿಂದ, ಕೇಂಬ್ರಿಜ್‌ನ ಏಕಾರ್ನ್ ಕಂಪನಿಯಿಂದ ತನ್ನದೇ ಹೆಸರಿನ ಕಂಪ್ಯೂಟರನ್ನು ಮಾಡಿಸಿತು. ಸೋಫಿ ವಿಲ್ಸನ್ ಮತ್ತು ಸ್ಟೀವ್ ಫರ್ಬರ್ ಮೊದಲಾದವರು ಸೇರಿ ಒಂದೇ ವಾರದಲ್ಲಿ ಮಾದರಿಯನ್ನು ಸಿದ್ಧಪಡಿಸಿ ಬಿಬಿಸಿಯವರ ಮುಂದೆ ಓಡಿಸಿ ತೋರಿಸಿದ ಕಥೆಯನ್ನು ಆ ಕ್ಷೇತ್ರದವರು ಈಗಲೂ ಹೇಳುತ್ತಾರೆ. ಹನ್ನೆರಡು ಸಾವಿರ ಯಂತ್ರಗಳು ಮಾರಾಟವಾದರೆ ಸಾಕು ಎಂಬ ಲೆಕ್ಕದಲ್ಲಿ ಶುರುವಾದ ಬಿಬಿಸಿ ಮೈಕ್ರೋ ಕೊನೆಗೆ ಹದಿನೈದು ಲಕ್ಷಕ್ಕೂ ಹೆಚ್ಚು ಮಾರಾಟವಾಯಿತು. 'ದಿ ಕಂಪ್ಯೂಟರ್ ಪ್ರೋಗ್ರಾಂ' ಎಂಬ ಹತ್ತು ಕಂತುಗಳ ಸರಣಿ 1982ರ ಜನವರಿಯಲ್ಲಿ ಆರಂಭವಾಯಿತು. ಏನೂ ಗೊತ್ತಿಲ್ಲದವನ ಸ್ಥಾನದಲ್ಲಿ ಕ್ರಿಸ್ ಸರ್ಲ್, ತಿಳಿದವನ ಸ್ಥಾನದಲ್ಲಿ ಇಯಾನ್ ಮೆಕ್‌ನಾಟ್-ಡೇವಿಸ್ ಕುಳಿತು ನಡೆಸಿದ ಆ ಸಂಭಾಷಣೆಯ ಧಾಟಿಯನ್ನು ಮುಂದೆ ಅನೇಕರು ಅನುಕರಿಸಿದರೂ ಆ ನಿರಾಳತೆ ಬೇರೆಯವರಿಗೆ ಅಷ್ಟಾಗಿ ಒಲಿಯಲಿಲ್ಲ ಎಂದೇ ನನ್ನ ಅಭಿಪ್ರಾಯ.

ಆ ಯಂತ್ರದೊಳಗೆ ಟೆಲಿಟೆಕ್ಸ್ಟ್ ಅಕ್ಷರಗಳನ್ನು ಮೂಡಿಸುವ ಮಲ್ಲಾರ್ಡ್ ಕಂಪನಿಯ ಚಿಪ್ ಒಂದಿತ್ತು. ಟೆಲಿಟೆಕ್ಸ್ಟ್ ಎಂದರೆ ಟಿವಿ ಪ್ರಸಾರದ ಜೊತೆಗೇ ಅಕ್ಷರರೂಪದ ಪುಟಗಳನ್ನು ಕಳುಹಿಸುವ ವ್ಯವಸ್ಥೆ. ಬಿಬಿಸಿಯಲ್ಲಿ ಅದರ ಹೆಸರು ಸೀಫ್ಯಾಕ್ಸ್. ಹಳೆಯ ಟಿವಿಗಳಲ್ಲಿ ಚಿತ್ರ ಮೇಲೆ-ಕೆಳಗೆ ಉರುಳತೊಡಗಿದಾಗ ಎರಡು ಚಿತ್ರಗಳ ನಡುವೆ ಒಂದು ಕಪ್ಪು ಪಟ್ಟಿ ಕಾಣಿಸುತ್ತಿದ್ದುದು ಆ ಕಾಲದವರಿಗೆ ನೆನಪಿರಬೇಕು. ಟೆಲಿಟೆಕ್ಸ್ಟ್ ಇದ್ದ ಪ್ರಸಾರದಲ್ಲಿ ಆ ಕಪ್ಪು ಪಟ್ಟಿಯ ಕೆಲವು ಗೆರೆಗಳಲ್ಲಿ ಬಿಳಿಯ ಚುಕ್ಕೆಗಳು ಎಡೆಬಿಡದೆ ಮಿಣುಗುತ್ತಿದ್ದವು. ಆ ಒಂದೊಂದು ಗೆರೆಯಲ್ಲೂ 45 ಬೈಟ್ ಮಾಹಿತಿ ಇರುತ್ತಿತ್ತು: ಮೊದಲ ಐದು ಬೈಟುಗಳು ವೇಗವನ್ನು ಹೊಂದಿಸಿಕೊಳ್ಳಲು ಮತ್ತು ಗೆರೆಯ ವಿಳಾಸವನ್ನು ತಿಳಿಸಲು, ಉಳಿದ ನಲವತ್ತು ಪರದೆಯ ಒಂದು ಸಾಲಿನ ನಲವತ್ತು ಅಕ್ಷರಗಳಿಗೆ. 1983ರಿಂದ ಕೆಲವು ವರ್ಷಗಳ ಕಾಲ ಬಿಬಿಸಿ ಇದೇ ದಾರಿಯಲ್ಲಿ ಕಂಪ್ಯೂಟರ್ ಪ್ರೋಗ್ರಾಂಗಳನ್ನೂ ಕಳುಹಿಸಿತು. ಅದಕ್ಕೆಂದೇ ಮಾರುತ್ತಿದ್ದ ಅಡಾಪ್ಟರನ್ನು ಬಿಬಿಸಿ ಮೈಕ್ರೋಗೆ ಜೋಡಿಸಿ ಆಂಟೆನಾದ ತಂತಿಯನ್ನು ಸಿಕ್ಕಿಸಿದರೆ, ಗಾಳಿಯಲ್ಲಿ ಹರಿದು ಬಂದ ಪ್ರೋಗ್ರಾಂ ನೇರವಾಗಿ ಯಂತ್ರದೊಳಗೆ ಇಳಿಯುತ್ತಿತ್ತು.

ಕಾರ್ಯಕ್ರಮಗಳ ಮೂಲ ಟೇಪುಗಳು ಬಿಬಿಸಿಯ ಭಂಡಾರದಲ್ಲಿ ಭದ್ರವಾಗಿರಬಹುದು, ಆದರೆ ಸೀಫ್ಯಾಕ್ಸ್ ಅದರಲ್ಲಿ ಇರುವುದಿಲ್ಲ; ಅದು ಪ್ರಸಾರದ ಘಟ್ಟದಲ್ಲಿ ಸೇರಿಕೊಳ್ಳುತ್ತಿದ್ದ ಸಂಗತಿ. ಅದು ಉಳಿದಿರುವುದು ಮನೆಮನೆಯ ವಿಸಿಆರ್‌ಗಳು ಪ್ರಸಾರವನ್ನು ಇದ್ದಂತೆಯೇ ಮುದ್ರಿಸಿಕೊಂಡ ವಿಎಚ್‌ಎಸ್ ಕ್ಯಾಸೆಟ್ಟುಗಳಲ್ಲಿ. ಇನ್ನೂ ಸ್ವಾರಸ್ಯದ ಸಂಗತಿಯೆಂದರೆ, ಆ ಕ್ಯಾಸೆಟ್ಟಿನಲ್ಲಿ ಕಂಪ್ಯೂಟರ್ ಕಾರ್ಯಕ್ರಮವೇ ಇರಬೇಕೆಂದಿಲ್ಲ. 1985ರಲ್ಲಿ ಯಾರೋ ಬಿಬಿಸಿಯಿಂದ ಮುದ್ರಿಸಿಕೊಂಡ ಕ್ರಿಕೆಟ್ ಪಂದ್ಯದ ಚಿತ್ರದ ಮೇಲಂಚಿನ ಆಚೆ ಅಂದಿನ ಸೀಫ್ಯಾಕ್ಸ್ ಪುಟಗಳೂ, ಅದೃಷ್ಟವಿದ್ದರೆ ಆ ವಾರದ ಪ್ರೋಗ್ರಾಂಗಳೂ ಕುಳಿತಿರುತ್ತವೆ.

ಆದರೆ ಅವುಗಳನ್ನು ಹೊರತೆಗೆಯುವುದು ಸುಲಭದ ಕೆಲಸವಲ್ಲ. ಟೆಲಿಟೆಕ್ಸ್ಟ್ ಸೆಕೆಂಡಿಗೆ 69,37,500 ಬಿಟ್‌ಗಳ ವೇಗದಲ್ಲಿ ಬರುತ್ತದೆ. ಅದನ್ನು ಸ್ಪಷ್ಟವಾಗಿ ಹಿಡಿದಿಡಲು ಸುಮಾರು 3.5 ಮೆಗಾಹರ್ಟ್ಸ್‌ನಷ್ಟಾದರೂ ಆವರ್ತನದ ಹರವು (ಬ್ಯಾಂಡ್‌ವಿಡ್ತ್) ಬೇಕು. ವಿಎಚ್‌ಎಸ್ ಟೇಪು ಚಿತ್ರದ ವಿವರವನ್ನು ಹಿಡಿದಿಡುವುದು ಸುಮಾರು 3 ಮೆಗಾಹರ್ಟ್ಸ್‌ವರೆಗೆ ಮಾತ್ರ. ಹಾಗಾಗಿ ಮೊನಚಾಗಿ ಏರಿಳಿಯಬೇಕಾದ ಸಂಕೇತ ಟೇಪಿನ ಮೇಲೆ ಒಂದಕ್ಕೊಂದು ಅಂಟಿಕೊಂಡ ಮಂದ ಅಲೆಗಳಾಗುತ್ತದೆ, ಯಾವುದು ಸೊನ್ನೆ, ಯಾವುದು ಒಂದು ಎಂಬುದು ಸಾಮಾನ್ಯ ಟಿವಿಗೆ ತಿಳಿಯುವುದಿಲ್ಲ. ಉತ್ಸಾಹಿಗಳು ಇದಕ್ಕೆ ಕಂಡುಕೊಂಡ ಪರಿಹಾರವನ್ನು ಓದಿದಾಗ ನಾನು ನಿಜವಾಗಿಯೂ ತಲೆದೂಗಿದೆ. ಮಸುಕಾದ ಅಲೆಯ ಆಕಾರವನ್ನು ನೋಡಿ, ಯಾವ ಯಾವ ಬಿಟ್‌ಗಳ ಸಾಲು ಇಂತಹ ಮಸುಕನ್ನು ಉಂಟುಮಾಡಬಲ್ಲದು ಎಂದು ಕಂಪ್ಯೂಟರಿನ ಗ್ರಾಫಿಕ್ಸ್ ಚಿಪ್ಪಿನ ಬಲದಿಂದ ಹೋಲಿಸಿ ಅವರು ಮೂಲವನ್ನು ಊಹಿಸುತ್ತಾರೆ. ಟೆಲಿಟೆಕ್ಸ್ಟ್ ಪುಟಗಳು ಸರದಿಯಂತೆ ಮತ್ತೆ ಮತ್ತೆ ಪ್ರಸಾರವಾಗುತ್ತಿದ್ದುದರಿಂದ, ಮೂರು ಗಂಟೆಯ ಕ್ಯಾಸೆಟ್ಟಿನಲ್ಲಿ ಒಂದೇ ಪುಟದ ಅನೇಕ ಪ್ರತಿಗಳು ಸಿಗುತ್ತವೆ. ಒಂದು ಪ್ರತಿಯಲ್ಲಿ ತಪ್ಪಿದ ಅಕ್ಷರ ಇನ್ನೊಂದರಲ್ಲಿ ಸರಿಯಾಗಿರುತ್ತದೆ. ಎಲ್ಲವನ್ನೂ ಒಟ್ಟಿಗೆ ಇಟ್ಟು ಬಹುಮತದಿಂದ ತೀರ್ಮಾನಿಸುತ್ತಾರೆ. ಹಸ್ತಪ್ರತಿಗಳ ಪಾಠಾಂತರಗಳನ್ನು ಎದುರುಬದುರು ಹರಡಿಕೊಂಡು ಶುದ್ಧಪಾಠವನ್ನು ಕಟ್ಟುವ ನಮ್ಮ ಸಂಪಾದಕರ ಕೆಲಸಕ್ಕೂ ಇದಕ್ಕೂ ಹೆಚ್ಚಿನ ಅಂತರವಿಲ್ಲ.

ಇನ್ನೊಂದು ವಿಚಿತ್ರ ಉದಾಹರಣೆಯನ್ನು ಹೇಳದೆ ಮುಂದೆ ಹೋಗಲಾರೆ. ಬ್ರಿಟನ್ನಿನ ಚಾನೆಲ್ 4 ವಾಹಿನಿಯ '4 ಕಂಪ್ಯೂಟರ್ ಬಫ್ಸ್' ಎಂಬ ಕಾರ್ಯಕ್ರಮದಲ್ಲಿ, 1985ರ ಆಸುಪಾಸಿನಲ್ಲಿ, ಪರದೆಯ ಒಂದು ಮೂಲೆಯಲ್ಲಿ ಸಣ್ಣದೊಂದು ಚೌಕ ಕಪ್ಪು-ಬಿಳುಪಾಗಿ ಮಿಟುಕುತ್ತಿತ್ತು. ಬೆಳಕನ್ನು ಗ್ರಹಿಸುವ ಸಣ್ಣ ಉಪಕರಣವನ್ನು ಗಾಜಿನ ಆ ಜಾಗಕ್ಕೆ ಅಂಟಿಸಿ ಕಂಪ್ಯೂಟರಿಗೆ ಜೋಡಿಸಿದರೆ ಮಿಟುಕುಗಳು ಪ್ರೋಗ್ರಾಂ ಆಗಿ ಒಳಗೆ ಇಳಿಯುತ್ತಿದ್ದವು. ಇಲ್ಲಿ ಟಿವಿ ಚಿತ್ರದ ಇನ್ನೊಂದು ಗುಣ ಮುಖ್ಯವಾಗುತ್ತದೆ. ಬ್ರಿಟನ್ನಿನಲ್ಲಾಗಲಿ ನಮ್ಮಲ್ಲಾಗಲಿ ಆ ಕಾಲದ ಟಿವಿ ಸೆಕೆಂಡಿಗೆ ಐವತ್ತು ಅರೆಚಿತ್ರಗಳನ್ನು ತೋರಿಸುತ್ತಿತ್ತು. ಒಂದು ಅರೆಚಿತ್ರದಲ್ಲಿ ಬೆಸ ಗೆರೆಗಳು, ಮುಂದಿನದರಲ್ಲಿ ಸಮ ಗೆರೆಗಳು. ಇವೆರಡನ್ನೂ ಬೆರೆಸಿ ಸೆಕೆಂಡಿಗೆ ಇಪ್ಪತ್ತೈದು ಪೂರ್ಣಚಿತ್ರಗಳನ್ನಾಗಿ ಮಾಡಿದ ಪ್ರತಿಗಳೇ ಅಂತರ್ಜಾಲದಲ್ಲಿ ಹೆಚ್ಚಾಗಿ ಕಾಣಸಿಗುತ್ತವೆ. ಹಾಗೆ ಬೆರೆಸಿದ ಮೇಲೆ ಅರೆಚಿತ್ರದಿಂದ ಅರೆಚಿತ್ರಕ್ಕೆ ಬದಲಾಗುವ ಯಾವ ಸೂಕ್ಷ್ಮವೂ ನಿಲ್ಲುವುದಿಲ್ಲ. ಪರದೆಯ ಮೇಲೆ ಆಟವೊಂದು ಓಡುತ್ತಿದ್ದರೆ ಅದರ ಚಲನೆಯ ಅರ್ಧದಷ್ಟು ಹಂತಗಳು ಕಳೆದುಹೋಗುತ್ತವೆ, ಮತ್ತು ಇಂದಿನ ಹುಡುಗರು ಅದನ್ನು ನೋಡಿ ಆ ಕಾಲದ ಯಂತ್ರವೇ ಹಾಗೆ ಮುಗ್ಗರಿಸುತ್ತಿತ್ತೆಂದು ಭಾವಿಸುತ್ತಾರೆ.

ಕೃತಕ ಬುದ್ಧಿಮತ್ತೆಯಿಂದ ಹಳೆಯ ವಿಡಿಯೊಗಳನ್ನು ಹಿಗ್ಗಿಸಿ 'ಸ್ಪಷ್ಟ'ಗೊಳಿಸುವ ಈಚಿನ ಹವ್ಯಾಸದ ಬಗ್ಗೆ ನನ್ನ ತಕರಾರೂ ಇದೇ ಕಾರಣದ್ದು. ಮುಖಗಳ ವಿಷಯದಲ್ಲಿ ಅದನ್ನು ಸಹಿಸಬಹುದೇನೋ. ಆದರೆ ಎಂಟು ಚುಕ್ಕೆ ಅಗಲ, ಎಂಟು ಚುಕ್ಕೆ ಎತ್ತರದ ಚೌಕದಲ್ಲಿ ಬರೆದ ಅಕ್ಷರದ ಚುಕ್ಕೆಗಳನ್ನು ಊಹೆಯಿಂದ ತುಂಬಿಸಿದರೆ ಪರದೆಯ ಮೇಲಿನ ಸೊನ್ನೆ ಇಂಗ್ಲಿಷಿನ ಓ ಆಗುತ್ತದೆ, ಅಲ್ಪವಿರಾಮ ಅರ್ಧವಿರಾಮವಾಗುತ್ತದೆ, ಕಾರ್ಯಕ್ರಮದಲ್ಲಿ ತೋರಿಸಿದ, ಬೇಸಿಕ್ ಎಂಬ ಪ್ರೋಗ್ರಾಮಿಂಗ್ ಭಾಷೆಯ ಸಾಲುಗಳನ್ನು ನೋಡಿ ಟೈಪ್ ಮಾಡಿದವರಿಗೆ ದೋಷಸಂದೇಶವೇ ಗತಿ. ನೋಡುವವರ ಅನುಕೂಲಕ್ಕೆ ಅಂತಹ ಪ್ರತಿಯೊಂದನ್ನು ಮಾಡಿಕೊಳ್ಳಲಿ, ಬೇಡವೆನ್ನುವುದಿಲ್ಲ; ಅದನ್ನೇ ಸಂರಕ್ಷಣೆಯೆಂದು ಕರೆದು ಮೂಲವನ್ನು ಅಳಿಸುವುದು ಮಾತ್ರ ಸಲ್ಲದು.

ಹಾಗಾದರೆ ಸರಿಯಾದ ಪ್ರತಿ ಯಾವುದು? ಭಂಡಾರಗಳು ಸಾಮಾನ್ಯವಾಗಿ ಅನುಸರಿಸುವ ಕ್ರಮವೆಂದರೆ, ಟೇಪಿನ ಚಿತ್ರವನ್ನು ಅರೆಚಿತ್ರಗಳ ಸಮೇತ, ಏನನ್ನೂ ಕಳೆದುಕೊಳ್ಳದೆ ಹಿಡಿದಿಡುವುದು. ಪಾಲ್ ಎಂಬ ಬಣ್ಣದ ಟಿವಿ ಪದ್ಧತಿಯ ಚಿತ್ರವನ್ನು ಹತ್ತು ಬಿಟ್ ಆಳದಲ್ಲಿ ಸಂಕೋಚನವಿಲ್ಲದೆ ಉಳಿಸಿದರೆ ಗಂಟೆಗೆ ಸುಮಾರು 93 ಗಿಗಾಬೈಟ್ ಜಾಗ ಬೇಕು. ಎಫ್‌ಎಫ್‌ವಿ1 ಎಂಬ ಮುಕ್ತ ವಿಧಾನದಲ್ಲಿ ಒಂದು ಬಿಟ್ ಕೂಡ ನಷ್ಟವಾಗದಂತೆ ಅದನ್ನು ಅರ್ಧಕ್ಕೆ ಅಥವಾ ಅದಕ್ಕೂ ಕಡಿಮೆಗೆ ಇಳಿಸಬಹುದು. 2021ರಲ್ಲಿ ಅದರ ಅಧಿಕೃತ ವಿವರಣೆಯೂ ಪ್ರಕಟವಾಗಿರುವುದರಿಂದ ನಾಳೆ ಯಾವ ಕಂಪನಿ ಮುಚ್ಚಿದರೂ ಅದನ್ನು ಓದುವ ದಾರಿ ಉಳಿಯುತ್ತದೆ. ಇದಕ್ಕಿಂತ ಒಂದು ಹೆಜ್ಜೆ ಮುಂದೆ ಹೋದವರೂ ಇದ್ದಾರೆ. ಅವರು ವಿಸಿಆರ್ ರೂಪಿಸಿ ಕೊಡುವ ಚಿತ್ರವನ್ನು ನಂಬುವುದೇ ಇಲ್ಲ. ಯಂತ್ರದ ಮುಚ್ಚಳ ತೆಗೆದು, ತಿರುಗುವ ಡ್ರಮ್ಮಿನ ಮೇಲಿದ್ದು ಟೇಪನ್ನು ಓದುವ ಹೆಡ್‌ಗಳಿಂದ ಬರುವ ಕಚ್ಚಾ ಸಂಕೇತವನ್ನು ನೇರವಾಗಿ ಹಿಡಿದು, ಚಿತ್ರವನ್ನಾಗಿ ಬಿಡಿಸುವ ಕೆಲಸವನ್ನೆಲ್ಲ ಸಾಫ್ಟ್‌ವೇರಿಗೆ ವಹಿಸುತ್ತಾರೆ. ಸಿಡಿಯ ಹಾಗೆ ಲೇಸರಿನಿಂದ ಓದುವ ದೊಡ್ಡ ತಟ್ಟೆಗಳಾದ ಲೇಸರ್‌ಡಿಸ್ಕ್‌ಗಳಿಗಾಗಿ ಹುಟ್ಟಿದ ಈ ವಿಧಾನದ ಹಿಂದೆ ಬಿಬಿಸಿಯದೇ ಇನ್ನೊಂದು ಯೋಜನೆಯ ನಂಟಿದೆ. 1986ರಲ್ಲಿ ಹತ್ತು ಲಕ್ಷಕ್ಕೂ ಹೆಚ್ಚು ಜನ ಪಾಲ್ಗೊಂಡು ಬ್ರಿಟನ್ನಿನ ಬದುಕನ್ನು ಎರಡು ಲೇಸರ್‌ಡಿಸ್ಕ್‌ಗಳಲ್ಲಿ ದಾಖಲಿಸಿದ 'ಡೂಮ್ಸ್‌ಡೇ' ಯೋಜನೆಯ ತಟ್ಟೆಗಳನ್ನು ಓದುವ ಯಂತ್ರಗಳು ಹದಿನೈದೇ ವರ್ಷಗಳಲ್ಲಿ ಅಪರೂಪವಾದವು. ಆ ತಟ್ಟೆಗಳಲ್ಲಿರುವುದನ್ನು ಉಳಿಸಿಕೊಳ್ಳುವ ಹಟದಿಂದಲೇ ಕಚ್ಚಾ ಸಂಕೇತವನ್ನು ಹಿಡಿಯುವ ಒಂದು ಮುಕ್ತ ಉಪಕರಣ ತಯಾರಾಯಿತು. ಅದೇ ಬಗೆಯ ಉಪಕರಣ ಈಗ ವಿಎಚ್‌ಎಸ್‌ಗೂ ಒದಗುತ್ತಿದೆ.

ಬಿಬಿಸಿಗೆ ಸಲ್ಲಬೇಕಾದ ಮೆಚ್ಚುಗೆಯನ್ನೂ ಇಲ್ಲಿ ದಾಖಲಿಸಬೇಕು. 1970ರ ದಶಕದವರೆಗೆ ದುಬಾರಿ ಟೇಪುಗಳನ್ನು ಅಳಿಸಿ ಮತ್ತೆ ಬಳಸಿ ತನ್ನ ನಾಟಕಗಳನ್ನೂ ಧಾರಾವಾಹಿಗಳನ್ನೂ ಕಳೆದುಕೊಂಡ ಸಂಸ್ಥೆ ಅದು. ಅದೇ ಸಂಸ್ಥೆ 2018ರಲ್ಲಿ ಕಂಪ್ಯೂಟರ್ ಸಾಕ್ಷರತಾ ಯೋಜನೆಗೆ ಸಂಬಂಧಿಸಿದ 267 ಕಾರ್ಯಕ್ರಮಗಳನ್ನು ಸಾರ್ವಜನಿಕರಿಗೆ ತೆರೆದಿಟ್ಟಿತು. ಅದರ ಜೊತೆಗೆ, ಕಾರ್ಯಕ್ರಮಗಳಲ್ಲಿ ಬಳಸಿದ್ದ 166 ಬಿಬಿಸಿ ಮೈಕ್ರೋ ಪ್ರೋಗ್ರಾಂಗಳನ್ನು ಬ್ರೌಸರಿನಲ್ಲಿಯೇ ಓಡಿಸಿ ನೋಡುವ ವ್ಯವಸ್ಥೆಯನ್ನೂ ಮಾಡಿತು. ಪರದೆಯ ಮೇಲೆ ಮೆಕ್‌ನಾಟ್-ಡೇವಿಸ್ ವಿವರಿಸುತ್ತಿರುವ ಪ್ರೋಗ್ರಾಮನ್ನು ಪಕ್ಕದಲ್ಲೇ ತೆರೆದು ನಾವೂ ಒತ್ತಿ ನೋಡಬಹುದು. ನಾನು ಮೇಲೆ ಹೇಳಿದ ಎರಡು ಭಾಗಗಳನ್ನೂ ಸಂಸ್ಥೆಯೊಂದು ಒಟ್ಟಿಗೆ ಇಟ್ಟ ಇಷ್ಟು ಒಳ್ಳೆಯ ಮಾದರಿ ಬೇರೊಂದನ್ನು ನಾನು ಕಂಡಿಲ್ಲ. ಅದೇ ಯೋಜನೆಯ 1983ರ ಅಕ್ಟೋಬರ್ 2ರ ನೇರಪ್ರಸಾರದಲ್ಲಿ ಇ-ಮೇಲ್ ಸೌಲಭ್ಯವನ್ನು ತೋರಿಸಲು ಹೋದಾಗ, ಅಪರಿಚಿತ ಹ್ಯಾಕರ್ ಒಬ್ಬ ನಿರೂಪಕರ ಖಾತೆಯೊಳಗೆ ನುಗ್ಗಿ ಬಿಟ್ಟುಹೋಗಿದ್ದ ಲೇವಡಿಯ ಪದ್ಯ ಪರದೆಯ ಮೇಲೆ ಬಿಚ್ಚಿಕೊಳ್ಳುತ್ತದೆ. ನೇರಪ್ರಸಾರದಲ್ಲಿ ನಡೆದ ಆ ಮುಜುಗರವನ್ನು ನೋಡುವಾಗ, ಅದನ್ನು ಅಳಿಸಿಹಾಕದೆ ಇಟ್ಟುಕೊಂಡವರ ಬಗ್ಗೆ ಗೌರವ ಮೂಡುತ್ತದೆ.

ಅಮೆರಿಕದ ಕಥೆ ಬೇರೆ ಬಗೆಯದು. ಕ್ಯಾಲಿಫೋರ್ನಿಯಾದ ಸ್ಯಾನ್ ಮಟೇಯೊದಲ್ಲಿದ್ದ ಕೆಸಿಎಸ್‌ಎಂ ಎಂಬ ಸಣ್ಣ ಸಾರ್ವಜನಿಕ ವಾಹಿನಿಯಿಂದ ಹೊರಟ 'ಕಂಪ್ಯೂಟರ್ ಕ್ರಾನಿಕಲ್ಸ್' 1983ರಿಂದ 2002ರವರೆಗೆ ದೇಶದಾದ್ಯಂತ ಪ್ರಸಾರವಾಯಿತು. ನಿರೂಪಕ ಸ್ಟುವರ್ಟ್ ಶಿಫೇ ಅವರ ಪಕ್ಕದಲ್ಲಿ ಮೊದಲ ಹಲವು ವರ್ಷ ಕುಳಿತಿದ್ದವರು ಸಿಪಿ/ಎಂ ಎಂಬ ಆಪರೇಟಿಂಗ್ ಸಿಸ್ಟಮ್ಮಿನ ಕರ್ತೃ ಗ್ಯಾರಿ ಕಿಲ್ಡಾಲ್. ಐಬಿಎಂ ಪಿಸಿಗೆ ಆಪರೇಟಿಂಗ್ ಸಿಸ್ಟಮ್ ಒದಗಿಸುವ ಅವಕಾಶ ಕೈತಪ್ಪಿದವರೆಂದೇ ಇತಿಹಾಸದ ಪುಸ್ತಕಗಳು ಅವರನ್ನು ನೆನೆಯುತ್ತವೆ. ಆ ಕಂತುಗಳಲ್ಲಿ ಕಾಣುವವರು ಎದುರಿನ ಕಂಪನಿಯವರ ಜಂಬದ ಮಾತನ್ನು ತಣ್ಣಗೆ ಕೇಳಿಸಿಕೊಂಡು ಒಂದೇ ಒಂದು ತಾಂತ್ರಿಕ ಪ್ರಶ್ನೆಯಿಂದ ವಿಷಯವನ್ನು ನೆಲಕ್ಕಿಳಿಸುವ ಸಂಭಾವಿತ ವ್ಯಕ್ತಿ. ಅವರು 1994ರಲ್ಲಿ ತೀರಿಕೊಂಡರು. ಇಂಟರ್‌ನೆಟ್ ಆರ್ಕೈವ್‌ನಲ್ಲಿ ಈ ಸರಣಿಯ ನೂರಾರು ಕಂತುಗಳು ಉಚಿತವಾಗಿ ಸಿಗುತ್ತವೆ. ಪ್ರಾಯೋಜಕರ ಹೆಸರುಗಳೂ ಕೊನೆಯಲ್ಲಿ ಬರುವ ಉದ್ಯಮದ ಸುದ್ದಿಗಳೂ ಬಹಳಷ್ಟು ಕಂತುಗಳಲ್ಲಿ ಹಾಗೆಯೇ ಇವೆ. ಯಾವ ಯಂತ್ರಕ್ಕೆ ಎಷ್ಟು ಬೆಲೆ ಇತ್ತು, ಯಾವ ಕಂಪನಿ ಯಾವಾಗ ಮುಗ್ಗರಿಸಿತು ಎಂದು ಹುಡುಕುವವರಿಗೆ ಮುಖ್ಯ ಸಂದರ್ಶನಕ್ಕಿಂತ ಅವೇ ಹೆಚ್ಚು ಉಪಯುಕ್ತ.

ಇವೆಲ್ಲ ನಮಗೇಕೆ ಎಂದು ಕೇಳುವವರಿಗೆ ಒಂದು ಸಂಗತಿಯನ್ನು ನೆನಪಿಸುತ್ತೇನೆ. ಭಾರತ ಸರ್ಕಾರ 1984ರಲ್ಲಿ ಶಾಲೆಗಳಿಗಾಗಿ ಆರಂಭಿಸಿದ 'ಕ್ಲಾಸ್' ಎಂಬ ಕಂಪ್ಯೂಟರ್ ಸಾಕ್ಷರತಾ ಯೋಜನೆಗೆ ಆರಿಸಿದ್ದು ಇದೇ ಬಿಬಿಸಿ ಮೈಕ್ರೋವನ್ನು. ಮೊದಲ ಹಂತದಲ್ಲಿ ದೇಶದ 250 ಶಾಲೆಗಳಿಗೆ ಅವು ಬಂದವು. ಮುಂದೆ ಮೊಹಾಲಿಯ ಸೆಮಿಕಂಡಕ್ಟರ್ ಕಾಂಪ್ಲೆಕ್ಸ್ ಪರವಾನಗಿ ಪಡೆದು 'ಯೂನಿಕಾರ್ನ್' ಎಂಬ ಹೆಸರಿನಲ್ಲಿ ಅದನ್ನು ಇಲ್ಲಿಯೇ ತಯಾರಿಸಿತು. ಚಪ್ಪಲಿಯನ್ನು ಬಾಗಿಲ ಹೊರಗೆ ಬಿಟ್ಟು, ಬಟ್ಟೆಯ ಹೊದಿಕೆ ತೆಗೆದ ಮೇಲೆ ಮಾತ್ರ ಮುಟ್ಟಬೇಕಾಗಿದ್ದ ಆ ಯಂತ್ರವನ್ನು ಕಂಡ ತಲೆಮಾರಿನವರು ಈಗ ನಿವೃತ್ತಿಯ ಹೊಸ್ತಿಲಲ್ಲಿದ್ದಾರೆ. ಆ ಯಂತ್ರದ ಮೇಲೆ ಪಾಠ ಹೇಗೆ ನಡೆಯಬೇಕೆಂದು ಅದನ್ನು ರೂಪಿಸಿದವರು ಎಣಿಸಿದ್ದರು ಎಂಬುದು ಗೊತ್ತಾಗುವುದು ಆ ಕಾರ್ಯಕ್ರಮಗಳನ್ನು ನೋಡಿದಾಗ.

ಅದಕ್ಕಿಂತ ಹತ್ತಿರದ ಇನ್ನೊಂದು ಕಾರಣವೂ ಇದೆ. ನಮ್ಮ ದೊಡ್ಡಪ್ಪನವರಂತೆ ಎಂಬತ್ತರ ದಶಕದಲ್ಲಿ ಬ್ರಿಟನ್ನಿನ ಆಸ್ಪತ್ರೆಗಳಲ್ಲಿ ವೈದ್ಯರಾಗಿದ್ದು ಊರಿಗೆ ಮರಳಿದ ಕನ್ನಡಿಗರು ಕಡಿಮೆಯೇನಿಲ್ಲ, ಮತ್ತು ಅವರು ತಂದ ಪೆಟ್ಟಿಗೆಗಳಲ್ಲಿ ಟಿವಿಯಿಂದ ಮುದ್ರಿಸಿಕೊಂಡ ಕ್ಯಾಸೆಟ್ಟುಗಳೂ ಇರುತ್ತಿದ್ದವು. ಅವರದೂ ನಮ್ಮದೂ ಪಾಲ್ ಪದ್ಧತಿಯೇ ಆಗಿದ್ದರಿಂದ ಅವು ಇಲ್ಲಿನ ವಿಸಿಆರ್‌ಗಳಲ್ಲಿ ಸಲೀಸಾಗಿ ಓಡುತ್ತವೆ. ದೊಡ್ಡಮ್ಮ ಮೈಸೂರಿನ ಮನೆಯ ಅಟ್ಟದಿಂದ ಇಳಿಸಿಕೊಟ್ಟ ಕ್ಯಾಸೆಟ್ಟುಗಳ ಮೇಲೆ ಟೆನಿಸ್, ಕ್ರಿಕೆಟ್, ರಾಜಮನೆತನದ ಮದುವೆ ಎಂದೆಲ್ಲ ದೊಡ್ಡಪ್ಪನವರ ಅಕ್ಷರದಲ್ಲಿ ಬರೆದಿತ್ತು. ಕಂಪ್ಯೂಟರಿನ ಹೆಸರು ಎಲ್ಲಿಯೂ ಇರಲಿಲ್ಲ. "ಇದೆಲ್ಲ ಯಾತಕ್ಕಪ್ಪಾ, ಗುಜರಿಗೆ ಹಾಕೋಣ ಅಂತಿದ್ದೆ" ಎಂದು ದೊಡ್ಡಮ್ಮ ಹೇಳಿದಾಗ ಸೀಫ್ಯಾಕ್ಸ್ ಬಗ್ಗೆ ವಿವರಿಸಲು ಹೋಗದೆ ಎಲ್ಲವನ್ನೂ ಚೀಲಕ್ಕೆ ತುಂಬಿಸಿಕೊಂಡೆ.

ಇಂತಹ ಕ್ಯಾಸೆಟ್ಟುಗಳು ನಿಮ್ಮಲ್ಲಿದ್ದರೆ ಮೊದಲು ಕಿಟಕಿಯಂತಹ ಪಾರದರ್ಶಕ ಭಾಗದಿಂದ ಟೇಪಿನ ಸುರುಳಿಯ ಅಂಚನ್ನು ಬೆಳಕಿಗೆ ಹಿಡಿದು ನೋಡಿ. ಅಲ್ಲಿ ಬಿಳಿಯ ಪುಡಿಯಂತೆ ಅಥವಾ ಜೇಡರ ಬಲೆಯಂತೆ ಏನಾದರೂ ಕಂಡರೆ ಅದು ಬೂಷ್ಟು. ನಮ್ಮ ಮಳೆಗಾಲದ ತೇವಕ್ಕೆ ಮಲೆನಾಡು, ಕರಾವಳಿಗಳಲ್ಲಿ ಅದು ತಪ್ಪಿದ್ದಲ್ಲ. ಅಂತಹದನ್ನು ಸ್ವಚ್ಛಗೊಳಿಸದೆ ವಿಸಿಆರ್‌ಗೆ ಹಾಕಿದರೆ ಹೆಡ್ ಹಾಳಾಗುವುದಲ್ಲದೆ, ಅದೇ ಯಂತ್ರದಲ್ಲಿ ಆಮೇಲೆ ಹಾಕಿದ ಕ್ಯಾಸೆಟ್ಟುಗಳಿಗೂ ಬೂಷ್ಟು ಅಂಟುತ್ತದೆ. ಚೆನ್ನಾಗಿರುವ ಟೇಪನ್ನೂ ಕುತೂಹಲಕ್ಕೆಂದು ಮತ್ತೆ ಮತ್ತೆ ಓಡಿಸಬೇಡಿ. ಒಂದೊಂದು ಸಲ ಓಡಿದಾಗಲೂ ಸವೆತವಾಗುತ್ತದೆ. ಮದುವೆಯ ಕ್ಯಾಸೆಟ್ಟುಗಳನ್ನು ಪೆನ್‌ಡ್ರೈವಿಗೆ ಹಾಕಿಕೊಡುವ ಅಂಗಡಿಗೆ ಕೊಟ್ಟರೆ ಚಿತ್ರವೇನೋ ಬರುತ್ತದೆ, ಆದರೆ ಅವರ ಉಪಕರಣ ಚಿತ್ರದ ಮೇಲಂಚಿನ ಆಚೆಗಿನ ಗೆರೆಗಳನ್ನು ಸಾಮಾನ್ಯವಾಗಿ ಹಿಡಿಯುವುದೇ ಇಲ್ಲ. ಮನೆಯವರು ನೋಡಲು ಆ ಪ್ರತಿ ಸಾಕು. ಅದು ಕೈಗೆ ಬಂದ ಮೇಲೆ ಮೂಲ ಕ್ಯಾಸೆಟ್ಟನ್ನು ಪೂರ್ತಿ ಹಿಂದಕ್ಕೆ ಸುತ್ತಿ, ಪುಸ್ತಕದಂತೆ ನೆಟ್ಟಗೆ ನಿಲ್ಲಿಸಿ, ಒಣಗಿದ ಜಾಗದಲ್ಲಿ ಇಟ್ಟಿರಿ. ಕಚ್ಚಾ ಸಂಕೇತವನ್ನು ಹಿಡಿಯುವ ವಿಧಾನಗಳು ವರ್ಷದಿಂದ ವರ್ಷಕ್ಕೆ ಸುಧಾರಿಸುತ್ತಿವೆ, ಅದಕ್ಕೆ ಬೇಕಾದ ಉಪಕರಣದ ಖರ್ಚೂ ಇಳಿಯುತ್ತಿದೆ. ದೊಡ್ಡಮ್ಮ ಕೊಟ್ಟವುಗಳಲ್ಲಿ ಬೂಷ್ಟಿಲ್ಲದವನ್ನು ಬೇರೆ ಮಾಡಿ ಇಟ್ಟಿದ್ದೇನೆ, ಹಿಂದಿನ ವಾರ ಹಳೆಯ ವಿಸಿಆರ್‌ಗೆ ಹೊಸ ಬೆಲ್ಟ್ ಹಾಕಿಸಿಯೂ ಆಯಿತು. ಟೆನಿಸ್ ಎಂದು ಬರೆದಿರುವುದರಿಂದಲೇ ಕೆಲಸ ಶುರುಮಾಡಬೇಕೆಂದಿದ್ದೇನೆ.